ತೊನೇರಿನ ನಲವತ್ತು ಮಂಚಗಳು

ಬಾಗಿಲು ದಾಟಿದರೆ ಕತ್ತು ತಾನಾಗಿ ಮೇಲಕ್ಕೇಳುತ್ತದೆ. ಉದ್ದಕ್ಕೂ ಓಕ್ ಮರದ ಮಾಡು, ಒಳಮೈಗೆ ಕಮಾನಾಗಿ ಬಾಗಿದ ಹಲಗೆಗಳ ಹೊದಿಕೆ. ನಡುವೆ ಎಲ್ಲೂ ಕಂಬವಿಲ್ಲ. ಅಗಲ ಸುಮಾರು 18 ಮೀಟರ್, ಉದ್ದ 80. ಕಟ್ಟಿದ ಕಾಲಕ್ಕೆ ಇನ್ನೂ ಉದ್ದವಿತ್ತು. ಪೂರ್ವದ ತುದಿಯಲ್ಲಿ ಎತ್ತರದ ಕಿಟಕಿಗಳ ಬೆಳಕಲ್ಲಿ ಪೂಜಾಪೀಠ. ಚರ್ಚ್ ಎಂದುಕೊಂಡರೆ ಅರ್ಧ ನಿಜ. ಇದನ್ನು ಕಟ್ಟಿಸಿದ್ದು ಆಸ್ಪತ್ರೆಯಾಗಿ.

ಫ್ರಾನ್ಸಿನ ಬರ್ಗಂಡಿ ಸೀಮೆಯ ತೊನೇರ್ ಪಟ್ಟಣದಲ್ಲಿ 1293ರಲ್ಲಿ ಇದನ್ನು ಸ್ಥಾಪಿಸಿದವಳು ಮಾರ್ಗರೀತ್. ಹಿರಿಯರ ಆಸ್ತಿ ಮೂವರು ಅಕ್ಕತಂಗಿಯರಿಗೆ ಪಾಲಾದಾಗ ಯೋಲಾಂದ್‌ಗೆ ನೆವೇರ್, ಅಲೀಸ್‌ಗೆ ಓಸೇರ್, ಇವಳಿಗೆ ತೊನೇರ್ ಬಂತು. ಅದಕ್ಕೂ ಮೊದಲೇ, 1268ರಲ್ಲಿ, ಆಂಜು ಮನೆತನದ ಚಾರ್ಲ್ಸ್‌ನ ಎರಡನೆಯ ಹೆಂಡತಿಯಾಗಿ ಸಿಸಿಲಿಯ ರಾಣಿಯಾಗಿದ್ದಳು. 1282ರಲ್ಲಿ ಸಿಸಿಲಿಯ ಜನ ಫ್ರೆಂಚರ ಮೇಲೆ ತಿರುಗಿಬಿದ್ದರು, ದ್ವೀಪ ಕೈತಪ್ಪಿತು. 1285ರಲ್ಲಿ ಗಂಡ ತೀರಿಕೊಂಡ. ಮಡಿಲಲ್ಲಿ ಮಕ್ಕಳಿಲ್ಲ. ರಾಣಿಯೆಂಬ ಬಿರುದು ಹೊತ್ತು ಆಕೆ ತನ್ನ ಪಾಲಿನ ಊರಿಗೆ ಮರಳಿದಳು.

ಅಂದಿನ ಸಿರಿವಂತ ವಿಧವೆಯರು ಮಠಗಳಿಗೆ ದತ್ತಿ ಬಿಡುವುದು ರೂಢಿ. ಮಾರ್ಗರೀತ್ ಹಣ ಕೊಟ್ಟು ಸುಮ್ಮನಾಗಲಿಲ್ಲ, ಆಸ್ಪತ್ರೆಯ ಮಗ್ಗುಲಲ್ಲೇ ಮನೆ ಮಾಡಿಕೊಂಡಳು. ಅಲ್ಲಿಂದ ಸಭಾಂಗಣಕ್ಕೆ ನೇರ ದಾರಿಯಿತ್ತು.

ಗೋಡೆಗಳ ಉದ್ದಕ್ಕೂ ಆಗ 40 ಮಂಚಗಳಿದ್ದವು. ಒಂದೊಂದಕ್ಕೂ ಮರದ ಅಡ್ಡಗೋಡೆಗಳ ಪುಟ್ಟ ಗೂಡು, ಮೇಲುಗಡೆ ತೆರವು. ಪಕ್ಕದವನ ನರಳಾಟ ಕಣ್ಣಿಗೆ ಬೀಳುತ್ತಿರಲಿಲ್ಲ, ಗಾಳಿಗೆ ಮಾತ್ರ ಅಡ್ಡಿಯಿರಲಿಲ್ಲ. ಗೂಡುಗಳ ನೆತ್ತಿಯ ಮಟ್ಟದಲ್ಲಿ ಓಡಾಡುವ ಜಗಲಿ. ಅಲ್ಲಿ ನಿಂತರೆ ಯಾರ ಹೊದಿಕೆ ಸರಿದಿದೆ, ಯಾರು ಎದ್ದು ಕೂತಿದ್ದಾರೆ ಎಂಬುದೆಲ್ಲ ಕಾಣುತ್ತಿತ್ತು. ಕಿಟಕಿಗಳನ್ನು ತೆರೆಯುತ್ತಿದ್ದುದೂ ಅಲ್ಲಿಂದಲೇ. ಏಳಲಾರದವರಿಗೂ ಪೂಜೆಯ ದನಿ ಮಂಚದ ಬಳಿಗೇ ಬರುತ್ತಿತ್ತು. ಏಕಾಂತ, ಗಾಳಿ, ನಿಗಾ ಮೂರನ್ನೂ ಒಟ್ಟಿಗೆ ಕೊಡಲು ಇಂದಿನ ಎಷ್ಟೋ ವಾರ್ಡುಗಳಿಗೆ ಆಗಿಲ್ಲ.

ಸ್ಥಾಪನಾ ಪತ್ರದ ಕಟ್ಟಳೆಗಳಂತೂ ಮನೆಯೊಡತಿಯ ಕೈಬರಹವೆನ್ನಿಸುವಂತಿವೆ. ಗುಣವಾದವರನ್ನು ಏಳು ದಿನ ಇಟ್ಟುಕೊಂಡು ಉಣಿಸಬೇಕು. ಕಳಿಸುವಾಗ ಅಂಗಿ, ಮೇಲಂಗಿ, ಪಾದರಕ್ಷೆ ಕೊಡಬೇಕು. ಸೇವೆಗೆ ನಿಂತ ಸೋದರ ಸೋದರಿಯರು ರೋಗಿಗಳ ಆರೈಕೆ ಮುಗಿಸಿಯೇ ಊಟಕ್ಕೆ ಕೂರಬೇಕು. ದಾರಿಹೋಕರಿಗೆ ತಂಗಲು ಜಾಗ, ಸತ್ತವರಿಗೆ ಮಣ್ಣು.

ಇದೆಲ್ಲ ನಿಷ್ಕಾಮ ಸೇವೆಯೇ? ಹಾಗೇನಿಲ್ಲ. ಬಡವರ ಪ್ರಾರ್ಥನೆ ದಾನಿಯ ಆತ್ಮಕ್ಕೆ ಒದಗುತ್ತದೆ ಎಂಬುದು ಆ ಕಾಲದ ಗಟ್ಟಿ ನಂಬಿಕೆ. ಪುಣ್ಯದ ಲೆಕ್ಕ ಆಕೆಗೂ ಇತ್ತು. ಆದರೆ ಪುಣ್ಯಕ್ಕಾಗಿ ಗೋಪುರ ಎತ್ತಿಸಿದವರು ಬಹಳ, ಹೊರಟುನಿಂತ ಬಡವನ ಬರಿಗಾಲು ಗಮನಿಸಿದವರು ಕಡಿಮೆ.

1308ರಲ್ಲಿ ತೀರಿಕೊಂಡಾಗ ಆಕೆಯನ್ನು ಇಲ್ಲೇ ಮಣ್ಣು ಮಾಡಿದರು. ಮೂಲ ಲೋಹದ ಸಮಾಧಿ ಫ್ರೆಂಚ್ ಕ್ರಾಂತಿಯಲ್ಲಿ ಹೋಯಿತು. ಈಗ ಕಾಣುವ ಅಮೃತಶಿಲೆಯ ಶಿಲ್ಪ 19ನೇ ಶತಮಾನದ್ದು.

ಬರ್ಗಂಡಿಗೆ ಹೋದವರು ಬಣ್ಣದ ಹೆಂಚುಗಳ ಬೋನ್ ಆಸ್ಪತ್ರೆ ನೋಡಿ ಮರಳುತ್ತಾರೆ. ಅದು 1443ರದ್ದು, ಇದು ಅದಕ್ಕಿಂತ ಒಂದೂವರೆ ಶತಮಾನ ಹಿರಿಯದು. ಆ ಕಡೆ ಹೋದರೆ ತೊನೇರಿಗೂ ಅರ್ಧ ದಿನ ಇಟ್ಟುಕೊಳ್ಳಿ.