ನಿಮಗಿದು ಗೊತ್ತೆ? ಮೂಕಿ ಚಿತ್ರಕ್ಕೂ ಮಾತಿತ್ತು!
ಜಪಾನಿನಲ್ಲಿ ಮೂಕಿ ಚಿತ್ರ ಓಡುವಾಗ ಪರದೆಯ ಪಕ್ಕದಲ್ಲಿ ‘ಬೆನ್ಶಿ’ ಎಂಬ ಕಥೆಗಾರ ನಿಂತು ಎಲ್ಲ ಪಾತ್ರಗಳಿಗೂ ದನಿಯಾಗುತ್ತಿದ್ದ. ಕಬುಕಿ ನಾಟಕ, ಬುನ್ರಾಕು ಗೊಂಬೆಯಾಟ ನೋಡಿ ಬೆಳೆದ ಜನರಿಗೆ ಅದು ಸಹಜವಾಗಿತ್ತು. ಅಲ್ಲಿ ಇಂದಿಗೂ ಉಳಿದಿರುವ ಅತಿ ಹಳೆಯ ಚಿತ್ರಗಳಲ್ಲೊಂದಾದ ‘ಮೊಮಿಜಿಗಾರಿ’ (1899) ಕೂಡ ಕಬುಕಿ ನಾಟಕದ್ದೇ. ಟೋಕಿಯೊದ ಬಯಲಲ್ಲಿ ಚಿತ್ರೀಕರಿಸುವಾಗ ಗಾಳಿಗೆ ನಟ ದಂಜೂರೊ ಕೈಯ ಬೀಸಣಿಗೆ ಹಾರಿಹೋಯಿತು. ಆ ದೃಶ್ಯವನ್ನು ಹಾಗೆಯೇ ಉಳಿಸಿಕೊಂಡರು!

ಹೀಗೆ ಪರದೆಯ ಮೇಲಿನ ಪಾತ್ರಗಳಿಗೆ ದನಿಯಾಗುವುದು ನಮ್ಮ ಕೊಪ್ಪಳ ಸೀಮೆಗೆ ಹೊಸದೇನಲ್ಲ. ಇಲ್ಲಿನ ಶಿಳ್ಳೇಕ್ಯಾತರು ಬಿಳಿ ಪರದೆಯ ಹಿಂದೆ ದೀಪ ಹಚ್ಚಿ, ಬಣ್ಣದ ತೊಗಲುಗೊಂಬೆ ಕುಣಿಸುತ್ತ, ರಾವಣನಿಗೂ ಸೀತೆಗೂ ತಾವೇ ಮಾತಾಗುತ್ತ ಬಂದವರು. ಈ ಕಲೆಗಾಗಿ ಮೋರನಾಳದ ಹಿರಿಯ ಜೀವ ಭೀಮವ್ವ ದೊಡ್ಡಬಾಳಪ್ಪ ಶಿಳ್ಳೇಕ್ಯಾತರ ಅವರಿಗೆ 2025ರಲ್ಲಿ ಪದ್ಮಶ್ರೀ ಸಂದಿದೆ.