ಜಮಖಂಡಿಯಿಂದ ಬಂದ ಮುಖ್ಯಮಂತ್ರಿ ಮತ್ತು ನಾವು ನಂಬಿಕೊಂಡಿರುವ ಕೆಲವು ಮಾತುಗಳು

ಬೆಂಗಳೂರಿನಲ್ಲಿ ಯಾವುದಾದರೊಂದು ಪಕ್ಷವು ತನ್ನ ನಾಯಕನನ್ನು ಬದಲಿಸಲಿದೆಯೆಂಬ ವಾರ್ತೆ ಹಬ್ಬಿದಾಗಲೆಲ್ಲ, ಘಟಪ್ರಭೆಯ ದಂಡೆಯ ನಮ್ಮ ಮುಧೋಳದಲ್ಲಿ, ಕಬ್ಬು ಹೇರಿಕೊಂಡ ಟ್ರ್ಯಾಕ್ಟರುಗಳು ಕಾರ್ಖಾನೆಯ ಸರದಿಗಾಗಿ ಕಾದು ನಿಲ್ಲುವ ರಸ್ತೆಯ ಮಗ್ಗುಲಿನ ಚಹದಂಗಡಿಗಳಲ್ಲಿ, ಕೆಲವು ನಿಶ್ಚಿತವಾದ ಮಾತುಗಳು ತಪ್ಪದೆ ಕೇಳಿಬರುತ್ತವೆ. “ನಮ್ಮ ಭಾಗದವರನ್ನ ಯಾರ್ ಮುಖ್ಯಮಂತ್ರಿ ಮಾಡ್ತಾರ್ರಿ?” ಎಂದು ಒಬ್ಬರು ನಿಟ್ಟುಸಿರಿಟ್ಟರೆ, “ಎಲ್ಲಾ ದಿಲ್ಲಿಯೊಳಗ ಮೊದಲ ಠರಾವ ಆಗಿರ್ತೈತಿ” ಎಂದು ಮತ್ತೊಬ್ಬರು ತೀರ್ಪು ಕೊಡುವರು, “ಆರಿಸಿ ಬರಲಾರದವ್ರು ಕುರ್ಚಿ ಮ್ಯಾಲ ಹ್ಯಾಂಗ ಕೂಡತಾರ?” ಎಂದು ಮೂರನೆಯವರು ಕೆರಳುವರು. ಈ ಮಾತುಗಳು ಸರ್ವಥಾ ನಿರಾಧಾರವಾದವುಗಳೆಂದು ನಾನು ಹೇಳಲಾರೆ. ಆದರೆ ಅರ್ಧಸತ್ಯವು ಪೂರ್ಣಸತ್ಯದ ವೇಷದಲ್ಲಿ ಬಹುಕಾಲ ಸಂಚರಿಸಿದರೆ ಪ್ರಜೆಯು ತನ್ನ ಕೈಯಲ್ಲಿರುವ ಅಧಿಕಾರವನ್ನೇ ಮರೆಯುವ ಸಂಭವವುಂಟಾದುದರಿಂದ, ಇವುಗಳನ್ನು ಒಂದೊಂದಾಗಿ ಒರೆಗೆ ಹಚ್ಚುವುದು ಉಚಿತವೆಂದು ತೋರುತ್ತದೆ.

ನಮ್ಮ ಭಾಗದವರಿಗೆ ಆ ಸ್ಥಾನವು ಎಂದೂ ದೊರೆತಿಲ್ಲವೆಂಬ ಕೊರಗಿನಿಂದಲೇ ಆರಂಭಿಸೋಣ. ಮುಧೋಳಕ್ಕೆ ನೆರೆಯಾದ ಜಮಖಂಡಿ ತಾಲೂಕಿನ ಸಾವಳಗಿಯಲ್ಲಿ ಹುಟ್ಟಿ, ಕೊಲ್ಹಾಪುರದಲ್ಲಿ ಕಾಯಿದೆಯನ್ನೋದಿ, ಜಮಖಂಡಿಯಲ್ಲಿ ವಕೀಲಿ ಮಾಡುತ್ತ, ಅಲ್ಲಿಯ ಪುರಸಭೆಯ ಅಧ್ಯಕ್ಷರಾಗಿ, ಪಟವರ್ಧನ ಮನೆತನದ ಆ ಸಂಸ್ಥಾನದ ಕೊನೆಯ ದಿನಗಳಲ್ಲಿ ಅದರ ಮಂತ್ರಿಯೂ ದಿವಾನರೂ ಆಗಿ, 1948ರ ಮಾರ್ಚ್ 8ರಂದು ಸಂಸ್ಥಾನವು ಮುಂಬಯಿ ಪ್ರಾಂತದಲ್ಲಿ ವಿಲೀನವಾದ ತರುವಾಯ ಅಲ್ಲಿಯ ವಿಧಾನಸಭೆಯನ್ನು ಪ್ರವೇಶಿಸಿ, ಬಿ. ಜಿ. ಖೇರರ ಕಾಲದಲ್ಲಿ ಸಂಸದೀಯ ಕಾರ್ಯದರ್ಶಿಗಳಾಗಿಯೂ ಮೊರಾರ್ಜಿ ದೇಸಾಯಿಯವರ ಮಂತ್ರಿಮಂಡಲದಲ್ಲಿ ಉಪಮಂತ್ರಿಗಳಾಗಿಯೂ ನುರಿತ ಬಸಪ್ಪ ದಾನಪ್ಪ ಜತ್ತಿಯವರು, ರಾಜ್ಯಗಳ ಪುನರ್ವಿಂಗಡಣೆಯಾಗಿ ಎರಡು ವರ್ಷ ತುಂಬುವ ಮೊದಲೇ, 1958ರ ಮೇ 16ರಂದು ಮೈಸೂರು ರಾಜ್ಯದ ಮುಖ್ಯಮಂತ್ರಿಗಳಾದರು. 1962ರ ಮಾರ್ಚ್‌ವರೆಗೆ ಆ ಸ್ಥಾನದಲ್ಲಿದ್ದರು. ಅವರ ಹಿಂದೆಯೇ ಬಂದವರು, ಅದುವರೆಗೆ ವಿಧಾನಸಭೆಯ ಅಧ್ಯಕ್ಷಪೀಠದಲ್ಲಿದ್ದ, ಹುನಗುಂದದ ಶಾಸಕ ಎಸ್. ಆರ್. ಕಂಠಿಯವರು. ಅವರ ಬೆನ್ನಿಗೇ ಬಂದ ಎಸ್. ನಿಜಲಿಂಗಪ್ಪನವರು ಚಿತ್ರದುರ್ಗದ ಕಡೆಯವರಾದರೂ ಆ ಅವಧಿಯಲ್ಲಿ ಶಾಸನಸಭೆಗೆ ಬಂದುದು ಬಾಗಲಕೋಟೆಯ ಮತದಾರರಿಂದ. ಅಂದರೆ 1958ರಿಂದ 1967ರ ಚುನಾವಣೆಯವರೆಗೆ, ಸುಮಾರು ಒಂಬತ್ತು ವರ್ಷಗಳ ಕಾಲ, ಈ ರಾಜ್ಯದ ಮುಖ್ಯಮಂತ್ರಿಗಳಾದ ಮೂವರೂ ಈಗಿನ ಬಾಗಲಕೋಟೆ ಜಿಲ್ಲೆಯ ಕ್ಷೇತ್ರಗಳ ಪ್ರತಿನಿಧಿಗಳಾಗಿದ್ದರು. ಇಷ್ಟು ದೊಡ್ಡ ಸಂಗತಿಯು ಈ ಜಿಲ್ಲೆಯವರಿಗೇ ಮರೆತುಹೋಗಿರುವುದು ಆಶ್ಚರ್ಯಕರ. ಮುಖ್ಯಮಂತ್ರಿಯ ಸ್ಥಾನ ನಮ್ಮ ಪಾಲಿಗಿದ್ದಷ್ಟು ಕಾಲ ನಮ್ಮ ಹೊಲಗಳಿಗೆ ನೀರು ಎಷ್ಟು ಬಂತೆಂಬ ಪ್ರಶ್ನೆ ಬೇರೆ. ಅದು ಕೊರಗುವವರಿಗೂ ಹಿಗ್ಗುವವರಿಗೂ ಸಮಾನವಾಗಿ ಇರಿಸುಮುರುಸನ್ನುಂಟುಮಾಡುವ ಪ್ರಶ್ನೆ.

ಜತ್ತಿಯವರ ಆಯ್ಕೆಯ ವೃತ್ತಾಂತವು ಇನ್ನೊಂದು ಭ್ರಮೆಯನ್ನೂ ಒಡೆಯತಕ್ಕದ್ದಾಗಿದೆ. ಹಿಂದಿನವರು ತ್ಯಾಗಮೂರ್ತಿಗಳು, ನಾಯಕತ್ವವು ಆಗ ಸರ್ವಾನುಮತದಿಂದ ತಾನಾಗಿ ಒದಗಿಬರುತ್ತಿತ್ತು, ಗುಂಪುಗಾರಿಕೆಯೆಂಬ ವ್ಯಾಧಿಯು ಇತ್ತೀಚಿನದು ಎಂದು ವೃದ್ಧರು ಹೇಳುತ್ತಾರೆ, ತರುಣರು ತಲೆಯಾಡಿಸುತ್ತಾರೆ. ವಿಶಾಲ ಮೈಸೂರಿನ ಮೊದಲನೆಯ ಮುಖ್ಯಮಂತ್ರಿಗಳೂ, ಏಕೀಕರಣಕ್ಕಾಗಿ ದುಡಿದ ಹಿರಿಯರೂ ಆದ ನಿಜಲಿಂಗಪ್ಪನವರೇ, 1956ರ ನವೆಂಬರ್ 1ರಿಂದ ಒಂದೂವರೆ ವರ್ಷ ಕಳೆಯುವಷ್ಟರಲ್ಲಿ, ತಮ್ಮ ಪಕ್ಷದ ಶಾಸಕರೊಳಗಿನ ಅಸಮಾಧಾನಕ್ಕೆ ಗುರಿಯಾಗಿ ಸ್ಥಾನವನ್ನು ಬಿಡಬೇಕಾಯಿತು. ತೆರವಾದ ನಾಯಕತ್ವಕ್ಕೆ ಸ್ಪರ್ಧೆ ಏರ್ಪಟ್ಟಿತು. ಎದುರಾಳಿಯಾಗಿ ನಿಂತವರು ಹಿರಿಯ ಕಾಂಗ್ರೆಸ್ಸಿಗರಾದ ಟಿ. ಸುಬ್ರಹ್ಮಣ್ಯರು. ರಾಜ್ಯದ ಭೂಸುಧಾರಣಾ ಸಮಿತಿಯ ಅಧ್ಯಕ್ಷರಾಗಿ ಹೆಸರು ಗಳಿಸಿದ್ದ ಜತ್ತಿಯವರು, ಮುಂಬಯಿ ಸೀಮೆಯಿಂದ ಬಂದ ಹೊಸಬರಾಗಿದ್ದರೂ, ಆ ಹಿರಿಯರನ್ನು ಶಾಸಕಾಂಗ ಪಕ್ಷದಲ್ಲಿ ಸೋಲಿಸಿ ನಾಯಕರಾದರು. ಇದರಲ್ಲಿ ನಾಚಿಕೆಪಡಬೇಕಾದುದೇನೂ ಇಲ್ಲ. ಸ್ಪರ್ಧೆಯು ಪಕ್ಷದ ಕ್ಷಯವ್ಯಾಧಿಯೆಂದು ತಿಳಿಯುವವರು, ಸ್ಪರ್ಧೆಯಿಲ್ಲದ ಪಕ್ಷಗಳ ಗತಿಯನ್ನು ಸ್ವಲ್ಪ ಅವಲೋಕಿಸಲಿ. ಆ ಕಾಲದವರ ದೊಡ್ಡತನವನ್ನು ಹುಡುಕಬೇಕಾದರೆ ಬೇರೆಡೆ ಹುಡುಕಬೇಕು: ನಾಲ್ಕು ವರ್ಷ ಮುಖ್ಯಮಂತ್ರಿಗಳಾಗಿದ್ದ ಜತ್ತಿಯವರು 1962ರಲ್ಲಿ ತಮ್ಮ ಹಿಂದಿನವರೂ ಮುಂದಿನವರೂ ಆದ ಅದೇ ನಿಜಲಿಂಗಪ್ಪನವರ ಮಂತ್ರಿಮಂಡಲದಲ್ಲಿ ಹಣಕಾಸಿನ ಮಂತ್ರಿಯಾಗಿ ಕುಳಿತುಕೊಳ್ಳಲು ಹಿಂಜರಿಯಲಿಲ್ಲ. ಮುಂದೆ ಅವರು ಭಾರತದ ಉಪರಾಷ್ಟ್ರಪತಿಗಳಾದರು; 1977ರ ಫೆಬ್ರವರಿಯಿಂದ ಜುಲೈವರೆಗೆ ರಾಷ್ಟ್ರಪತಿಗಳ ಕಾರ್ಯವನ್ನೂ ನಿರ್ವಹಿಸಿದರು.

ಆರಿಸಿ ಬಾರದವರು ಕುರ್ಚಿಯ ಮೇಲೆ ಕೂಡಲಾರರೆಂಬ ಮೂರನೆಯ ಭ್ರಮೆಗೂ ಆ 1962ರ ಪ್ರಕರಣವೇ ಉತ್ತರವನ್ನೊದಗಿಸುತ್ತದೆ. ಆ ವರ್ಷದ ಸಾರ್ವತ್ರಿಕ ಚುನಾವಣೆಯಲ್ಲಿ ನಿಜಲಿಂಗಪ್ಪನವರು ಹೊಸದುರ್ಗದಲ್ಲಿ ಸೋತಿದ್ದರು. ಆದರೂ ಪಕ್ಷದೊಳಗಿನ ಒಲವು ಅವರ ಕಡೆಗೇ ವಾಲಿತ್ತಾದ್ದರಿಂದ, ಅವರು ಉಪಚುನಾವಣೆಯಲ್ಲಿ ಗೆದ್ದುಬರುವವರೆಗೆ, ಮಾರ್ಚ್‌ನಿಂದ ಜೂನ್‌ವರೆಗೆ, ಕಂಠಿಯವರು ರಾಜ್ಯಭಾರವನ್ನು ನೋಡಿಕೊಂಡು ಆಮೇಲೆ ಸ್ಥಾನವನ್ನು ಬಿಟ್ಟುಕೊಟ್ಟರು. ವಾಸ್ತವವಾಗಿ ಇಷ್ಟು ಸಂಕೋಚದ ಅವಶ್ಯಕತೆಯೂ ಇರಲಿಲ್ಲ. ಶಾಸನಸಭೆಯ ಸದಸ್ಯನಲ್ಲದವನು ಮಂತ್ರಿಯಾಗಬಹುದೆಂದೂ, ಆರು ತಿಂಗಳೊಳಗಾಗಿ ಸದಸ್ಯತ್ವವನ್ನು ಪಡೆಯದಿದ್ದರೆ ಮಾತ್ರ ಆ ಸ್ಥಾನ ಹೋಗುವುದೆಂದೂ ಸಂವಿಧಾನದ 164ನೆಯ ಅನುಚ್ಛೇದವು ಸ್ಪಷ್ಟಪಡಿಸಿದೆ. 1972ರಲ್ಲಿ ದೇವರಾಜ ಅರಸರು ಚುನಾವಣೆಗೇ ನಿಲ್ಲದೆ ನಾಯಕರಾಗಿ ತರುವಾಯ ಹುಣಸೂರಿನಿಂದ ಆರಿಸಿ ಬಂದರು, 1983ರಲ್ಲಿ ರಾಮಕೃಷ್ಣ ಹೆಗಡೆಯವರು ಮುಖ್ಯಮಂತ್ರಿಗಳಾದ ಮೇಲೆ ಕನಕಪುರದಿಂದ ಬಂದರು, 2011ರಲ್ಲಿ ಡಿ. ವಿ. ಸದಾನಂದ ಗೌಡರು ಲೋಕಸಭಾ ಸದಸ್ಯರಾಗಿದ್ದಾಗಲೇ ನಾಯಕರಾಗಿ ಅನಂತರ ವಿಧಾನಪರಿಷತ್ತನ್ನು ಸೇರಿದರು. ಆರು ತಿಂಗಳಾದೊಡನೆ ರಾಜೀನಾಮೆಯಿತ್ತು, ಆರಿಸಿ ಬಾರದೆಯೇ ಮತ್ತೊಮ್ಮೆ ಪ್ರಮಾಣವಚನ ಸ್ವೀಕರಿಸುವ ಜಾಣತನಕ್ಕೆ ಮಾತ್ರ ಎಡೆಯಿಲ್ಲ. 2001ರಲ್ಲಿ ಪಂಜಾಬಿನ ಒಂದು ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು ಆ ಬಾಗಿಲನ್ನು ಮುಚ್ಚಿತು.

ಈಗ ಇವೆಲ್ಲಕ್ಕೂ ಮೂಲವಾದ ಕಲ್ಪನೆಗೆ ಬರಬೇಕು. “ನಾವು ಆರಿಸಿದ ಮುಖ್ಯಮಂತ್ರಿಯನ್ನ ಅವರು ಹ್ಯಾಂಗ ತಗೀತಾರ?” ಎಂಬ ಸಿಟ್ಟಿನ ಹಿಂದೆ, ಮುಖ್ಯಮಂತ್ರಿಯನ್ನು ಆರಿಸುವವರು ನಾವೆಂಬ ನಂಬಿಕೆಯಿದೆ. ನಾವು ಆರಿಸುವುದು ಮುಧೋಳಕ್ಕೊಬ್ಬ, ಬೀಳಗಿಗೊಬ್ಬ, ತೇರದಾಳಕ್ಕೊಬ್ಬ ಶಾಸಕನನ್ನು. ಅವನು ತನ್ನ ಪಕ್ಷದ ಇತರ ಶಾಸಕರೊಡನೆ ಕೂಡಿ ನಾಯಕನನ್ನು ಆರಿಸುತ್ತಾನೆ. ಸದನದ ಬಹುಮತ ಆ ನಾಯಕನಿಗಿದೆಯೆಂದು ಕಂಡಾಗ ರಾಜ್ಯಪಾಲರು ಅವನನ್ನು ಮುಖ್ಯಮಂತ್ರಿಯನ್ನಾಗಿ ನೇಮಿಸುತ್ತಾರೆ. ಸಂವಿಧಾನದ ಅನುಚ್ಛೇದದಲ್ಲಿ ಕಾಣುವುದು ಈ ಕೊನೆಯ ಮೆಟ್ಟಿಲೊಂದೇ; ಶಾಸಕಾಂಗ ಪಕ್ಷದ ಸಭೆ ಹೇಗೆ ನಡೆಯಬೇಕು, ಕೈಯೆತ್ತಬೇಕೋ ಚೀಟಿ ಹಾಕಬೇಕೋ ಎಂಬುದು ಪಕ್ಷದ ಮನೆಯೊಳಗಿನ ಸಂಗತಿ. ಪಕ್ಷದ ಸದಸ್ಯತ್ವದ ರಸೀದಿ ಹರಿಸಿಕೊಂಡ ಸಾಮಾನ್ಯ ಕಾರ್ಯಕರ್ತನಿಗೂ ಅಲ್ಲಿ ಪ್ರವೇಶವಿಲ್ಲ. ಕೆನಡಾ ದೇಶದ ಪ್ರಾಂತಗಳಲ್ಲಿಯಾದರೋ ವಂತಿಗೆ ಕೊಟ್ಟ ಸದಸ್ಯರೇ ಮತ ಹಾಕಿ ಪ್ರಾಂತೀಯ ಪಕ್ಷದ ನಾಯಕನನ್ನು ಆರಿಸುವ ಪದ್ಧತಿಯುಂಟು. ಬ್ರಿಟನ್ನಿನಲ್ಲಿ 2022ರಲ್ಲಿ ಆಳುವ ಪಕ್ಷದ ಸದಸ್ಯರು ಹಾಕಿದ ಮತದಿಂದಲೇ ಲಿಜ್ ಟ್ರಸ್ ಪ್ರಧಾನಿಯಾದರು. ಆ ಪ್ರಧಾನಿತ್ವ ಎರಡು ತಿಂಗಳೂ ಬಾಳಲಿಲ್ಲವಾದ್ದರಿಂದ, ಮತದಾರರ ಸಂಖ್ಯೆ ಹೆಚ್ಚಿದೊಡನೆ ವಿವೇಕವೂ ಹೆಚ್ಚುವುದೆಂದು ಹೇಳುವ ಧೈರ್ಯ ನನಗಿಲ್ಲ. ಇನ್ನು ಪಕ್ಷದ ಅಧ್ಯಕ್ಷನೂ ಶಾಸಕಾಂಗ ಪಕ್ಷದ ನಾಯಕನೂ ಒಂದೇ ಎಂಬ ಗೊಂದಲವೊಂದುಂಟು. 2023ರ ನವೆಂಬರ್‌ನಲ್ಲಿ ಭಾರತೀಯ ಜನತಾ ಪಕ್ಷವು ಬಿ. ವೈ. ವಿಜಯೇಂದ್ರರನ್ನು ರಾಜ್ಯಾಧ್ಯಕ್ಷರನ್ನಾಗಿ ನೇಮಿಸಿದ್ದು 10ರಂದು, ಆರ್. ಅಶೋಕರು ಶಾಸಕಾಂಗ ಪಕ್ಷದ ನಾಯಕರಾದದ್ದು 17ರಂದು. ಮೊದಲನೆಯದು ಮೇಲಿನಿಂದ ಬಂದ ನೇಮಕ, ಎರಡನೆಯದು ಶಾಸಕರ ಸಭೆಯಲ್ಲಾದ ಆಯ್ಕೆ.

ಎಲ್ಲವೂ ದಿಲ್ಲಿಯಲ್ಲಿಯೇ ನಿರ್ಣಯವಾಗುವುದೆಂಬ ಮಾತಿಗೆ ಬಲವಾದ ಆಧಾರಗಳಿಲ್ಲದಿಲ್ಲ. 1990ರಲ್ಲಿ ರಾಜೀವ ಗಾಂಧಿಯವರು ಬೆಂಗಳೂರಿನ ವಿಮಾನ ನಿಲ್ದಾಣದಲ್ಲಿಯೇ ನಾಯಕತ್ವದ ಬದಲಾವಣೆಯನ್ನು ಸಾರಿ ಹೊರಟುಹೋದುದು, ಅಸ್ವಸ್ಥರಾಗಿದ್ದ ವೀರೇಂದ್ರ ಪಾಟೀಲರು ಪದಚ್ಯುತರಾದುದು, ಒಂದು ವಾರ ರಾಷ್ಟ್ರಪತಿಯ ಆಳ್ವಿಕೆ ನಡೆದು ಅಕ್ಟೋಬರ್ 17ರಂದು ಬಂಗಾರಪ್ಪನವರು ಅಧಿಕಾರಕ್ಕೆ ಬಂದುದು ಉತ್ತರ ಕರ್ನಾಟಕದವರ ಸ್ಮೃತಿಯಲ್ಲಿ ಇನ್ನೂ ಹಸಿಯಾಗಿದೆ. 2023ರ ಮೇ 14ರಂದು ಕಾಂಗ್ರೆಸ್ ಶಾಸಕರು ವೀಕ್ಷಕರ ಮುಂದೆ ತಮ್ಮ ಅಭಿಪ್ರಾಯವನ್ನು ತಿಳಿಸಿದರಾದರೂ, ನಿರ್ಣಯವನ್ನು ಅಖಿಲ ಭಾರತ ಅಧ್ಯಕ್ಷರಿಗೊಪ್ಪಿಸುವ ಒಂದು ವಾಕ್ಯದ ಠರಾವನ್ನೂ ಅವರೇ ಮಾಡಿದರು. ಹೆಸರು ಹೊರಬಿದ್ದದ್ದು ನಾಲ್ಕು ದಿನಗಳ ತರುವಾಯ. ಇಷ್ಟಾದರೂ 2011ರ ಆಗಸ್ಟ್‌ನಲ್ಲಿ ಭಾರತೀಯ ಜನತಾ ಪಕ್ಷದ ಶಾಸಕರು ಸದಾನಂದ ಗೌಡ ಮತ್ತು ಜಗದೀಶ ಶೆಟ್ಟರರ ನಡುವೆ ಗುಪ್ತಮತದಾನದಿಂದ ಆಯ್ಕೆ ಮಾಡಿದ್ದರೆಂಬುದನ್ನೂ, ದಿಲ್ಲಿಯಿಂದ ಬಂದ ದೊಡ್ಡವರು ಅಂದು ವೀಕ್ಷಕರಾಗಿ ಕುಳಿತಿದ್ದರೆಂಬುದನ್ನೂ ಮರೆಯಲಾಗದು. ದಿಲ್ಲಿಯ ಮಾತು ನಡೆಯುವುದು ಇಲ್ಲಿಯ ಶಾಸಕರು ನಡೆಸಿಕೊಟ್ಟಾಗ. ತಮ್ಮ ಹಕ್ಕನ್ನು ಅವರು ಒಂದು ವಾಕ್ಯದಲ್ಲಿ ದಾನ ಮಾಡಿದರೆ, ಅದು ಕಸಿದುಕೊಂಡವರ ತಪ್ಪಿಗಿಂತ ಕೊಟ್ಟವರ ತಪ್ಪೆಂದೇ ನನ್ನ ಮತ.

ಉಪಮುಖ್ಯಮಂತ್ರಿಯೆಂದರೆ ಯುವರಾಜನಿದ್ದಂತೆ, ದೊರೆಯ ಬಳಿಕ ಗಾದಿ ಅವನದೇ ಎಂಬುದೊಂದು ನಂಬಿಕೆ. ಘೋರ್ಪಡೆಯವರ ಸಂಸ್ಥಾನವಾಗಿ 1948ರವರೆಗೆ ಬಾಳಿದ ಊರಿನವರಿಗೆ ಈ ಉಪಮೆ ಸಹಜವಾಗಿಯೇ ಹೊಳೆಯತಕ್ಕದ್ದು. ಆದರೆ ಸಂವಿಧಾನದಲ್ಲಿ ಅಂಥ ಸ್ಥಾನವೇ ಇಲ್ಲ. ಇರುವುದು ಮುಖ್ಯಮಂತ್ರಿ, ಉಳಿದ ಮಂತ್ರಿಗಳು, ಅಷ್ಟೇ. 1996ರಲ್ಲಿ ದೇವೇಗೌಡರು ಪ್ರಧಾನಿಗಳಾಗಿ ಹೋದಾಗ ಉಪಮುಖ್ಯಮಂತ್ರಿ ಜೆ. ಎಚ್. ಪಟೇಲರು ನೇರವಾಗಿ ಮೇಲೇರಿದ್ದು ನಿಜ. ಮುಧೋಳದ ಶಾಸಕರಾಗಿದ್ದ ಗೋವಿಂದ ಕಾರಜೋಳರು 2019ರಿಂದ ಮೂವರು ಉಪಮುಖ್ಯಮಂತ್ರಿಗಳಲ್ಲೊಬ್ಬರಾಗಿದ್ದರಷ್ಟೆ. 2021ರ ಜುಲೈನಲ್ಲಿ ಯಡಿಯೂರಪ್ಪನವರು ರಾಜೀನಾಮೆಯಿತ್ತಾಗ ಆ ಮೂವರಲ್ಲಿ ಯಾರಿಗೂ ನಾಯಕತ್ವ ಬರಲಿಲ್ಲ, ಗೃಹಮಂತ್ರಿ ಬಸವರಾಜ ಬೊಮ್ಮಾಯಿಯವರಿಗೆ ಬಂತು. ಕಾರಜೋಳರು ಹೊಸ ಮಂತ್ರಿಮಂಡಲದಲ್ಲಿ ಮಂತ್ರಿಯಾಗಿ ಮುಂದುವರಿದರು, ಉಪಪದವಿಯು ಮಾತ್ರ ಇಲ್ಲವಾಯಿತು.

ಕೊನೆಯದಾಗಿ, ನಾಯಕನನ್ನು ವಿರೋಧಿಸಿದ ಶಾಸಕನು ಪಕ್ಷಾಂತರ ಮಾಡಿದಂತೆಯೇ, ಅವನ ಸದಸ್ಯತ್ವ ಹೋಗುವುದು ಖಂಡಿತ ಎಂಬ ಭೀತಿಯೊಂದಿದೆ. ಇದನ್ನು ಜನರಿಗಿಂತಲೂ ಶಾಸಕರೇ ಹೆಚ್ಚು ನಂಬುತ್ತಾರೆ. ನಂಬುವುದು ಕೆಲವರಿಗೆ ಅನುಕೂಲವೂ ಹೌದು. 1985ರಲ್ಲಿ ಸಂವಿಧಾನಕ್ಕೆ ಸೇರಿದ ಹತ್ತನೆಯ ಅನುಸೂಚಿಯು ತಡೆಯುವುದು ಎರಡನ್ನು: ಸ್ವಯಂ ಇಚ್ಛೆಯಿಂದ ಪಕ್ಷವನ್ನು ತೊರೆಯುವುದು, ಸದನದಲ್ಲಿ ಪಕ್ಷದ ನಿರ್ದೇಶವನ್ನು ಮೀರಿ ಮತ ಹಾಕುವುದು ಅಥವಾ ಮತ ಹಾಕದೆ ಉಳಿಯುವುದು. ಶಾಸಕಾಂಗ ಪಕ್ಷದ ಸಭೆಯು ಸದನವಲ್ಲ. 2010ರಲ್ಲಿ ಆಳುವ ಪಕ್ಷದ 11 ಮಂದಿ ಶಾಸಕರು ಮುಖ್ಯಮಂತ್ರಿಯಲ್ಲಿ ತಮಗೆ ವಿಶ್ವಾಸವಿಲ್ಲವೆಂದು ರಾಜ್ಯಪಾಲರಿಗೆ ಪತ್ರ ಕೊಟ್ಟಾಗ ಸಭಾಧ್ಯಕ್ಷರು ಅವರನ್ನು ಅನರ್ಹಗೊಳಿಸಿದರು. ಅವರಲ್ಲಿ ನಮ್ಮ ಹೊಳೆಯ ಮೇಲ್ಭಾಗದ ಅರಭಾವಿಯ ಬಾಲಚಂದ್ರ ಜಾರಕಿಹೊಳಿಯವರೂ ಇದ್ದರು. ಅವರ ಹೆಸರಿನಲ್ಲಿಯೇ ನಡೆದ ವ್ಯಾಜ್ಯದಲ್ಲಿ ಸರ್ವೋಚ್ಚ ನ್ಯಾಯಾಲಯವು 2011ರ ಮೇ ತಿಂಗಳಲ್ಲಿ ಆ ಅನರ್ಹತೆಯನ್ನು ರದ್ದುಪಡಿಸಿತು. ಪಕ್ಷದ ಒಬ್ಬ ನಾಯಕನನ್ನು ಬೇಡವೆನ್ನುವುದು ಪಕ್ಷವನ್ನೇ ಬೇಡವೆಂದಂತಾಗದು. ಹಾಗೆಯೇ ಸಹಿಗಳ ಪತ್ರಗಳಿಂದ ಸರಕಾರ ಬೀಳುವುದೂ ಅಲ್ಲ: 1989ರಲ್ಲಿ 19 ಶಾಸಕರ ಪತ್ರಗಳನ್ನು ನಂಬಿ, ಅವರಲ್ಲಿ ಕೆಲವರು ತಮ್ಮ ಮಾತನ್ನು ಹಿಂದೆಗೆದುಕೊಂಡ ಮೇಲೂ, ಅಂದಿನ ಮುಖ್ಯಮಂತ್ರಿ ಎಸ್. ಆರ್. ಬೊಮ್ಮಾಯಿಯವರಿಗೆ ಸದನದಲ್ಲಿ ಬಲವನ್ನು ತೋರಿಸುವ ಅವಕಾಶವನ್ನು ಕೊಡದೆ ವಜಾ ಮಾಡಿದ್ದು ತಪ್ಪೆಂದೂ, ಬಹುಮತದ ಪರೀಕ್ಷೆ ನಡೆಯಬೇಕಾದುದು ಸದನದ ನೆಲದ ಮೇಲೆಯೇ ಎಂದೂ ಒಂಬತ್ತು ನ್ಯಾಯಾಧೀಶರ ಪೀಠವು 1994ರ ಮಾರ್ಚ್ 11ರಂದು ನಿರ್ಣಯಿಸಿತು.

ಹೀಗಿರುವಲ್ಲಿ ಮುಧೋಳದ ಮತದಾರ ಬಂಧುಗಳಲ್ಲಿ ನನ್ನದೊಂದು ವಿಜ್ಞಾಪನೆ. ಮುಂದಿನ ಸಲ ಶಾಸಕರು ನಿಮ್ಮ ಅಂಗಳಕ್ಕೆ ಬಂದಾಗ ರಸ್ತೆ, ನೀರು, ಕಬ್ಬಿನ ಬಾಕಿಗಳನ್ನು ಕೇಳಿದ ಬಳಿಕ, ನಾಯಕನ ಆಯ್ಕೆಯ ದಿನ ಅವರು ಏನು ಮಾಡಿದರೆಂಬುದನ್ನೂ ಕೇಳಿರಿ. ಗುಪ್ತಮತದಾನವೆಂದು ಅವರು ಜಾರಿಕೊಂಡರೆ, ಯಾರಿಗೆ ಮತವಿತ್ತರೆಂಬುದನ್ನು ಹೇಳಬೇಕಾಗಿಲ್ಲ; ಮತವಿತ್ತರೋ ಇಲ್ಲವೇ ಠರಾವಿನ ಕೆಳಗೆ ಸಹಿ ಹಾಕಿ ಎದ್ದುಬಂದರೋ, ಅಷ್ಟನ್ನು ಹೇಳಲಿ.