ಹಾವುರಾಣಿ ಮಲಗುವ ಹೊತ್ತು

ಬೆಳಿಗ್ಗೆ ಒಂಬತ್ತು ಗಂಟೆ. ಕುಮಟಾದ ಒಂದು ಹಿತ್ತಲು. ಚಿರೆಕಲ್ಲಿನ ಪಾಗಾರದ ಮೇಲೆ ಈಗಷ್ಟೇ ಬಿಸಿಲು ಬಿದ್ದಿದೆ. ಅಲ್ಲಿ ನೋಡಿ, ಎಣ್ಣೆ ಹಚ್ಚಿದ ಹಾಗೆ ಹೊಳೆಯುವ ಕಂದು ಮೈ. ಹಾವುರಾಣಿ! ಹೊಟ್ಟೆಯನ್ನು ಕಲ್ಲಿಗೆ ಒತ್ತಿಕೊಂಡು ಬಿದ್ದಿದೆ. ಇದು ನಿದ್ದೆಯಲ್ಲ, ಮೈ ಬಿಸಿ ಮಾಡಿಕೊಳ್ಳುತ್ತಿದೆ. ಮೈ ಕಾದ ಮೇಲೇ ಮಿಡತೆ, ಜಿರಳೆಯ ಬೇಟೆ.

ನಿದ್ದೆ ಏನಿದ್ದರೂ ರಾತ್ರಿ. ಬಿಸಿಲು ಇಳಿಯುತ್ತಿದ್ದಂತೆ ಕಲ್ಲಿನ ಸಂದಿಗೋ, ತೆಂಗಿನ ಬುಡದ ದರಕಿನ (ಉದುರಿದ ಒಣ ಎಲೆಗಳ) ಒಳಗೋ ನುಸುಳಿ ಕಣ್ಣು ಮುಚ್ಚುತ್ತದೆ. ಹೌದು, ಮುಚ್ಚುತ್ತದೆ! ಹಾವಿಗೆ, ನಮ್ಮ ಗೋಡೆಯ ಹಲ್ಲಿಗೆ ರೆಪ್ಪೆ ಮುಚ್ಚಲು ಬರುವುದಿಲ್ಲ. ಇದಕ್ಕೆ ಬರುತ್ತದೆ.

ವಿಷ? ಇಲ್ಲವೇ ಇಲ್ಲ. ದಯವಿಟ್ಟು ಹೆದರಿ ಹೊಡೆಯಬೇಡಿ. ಬಾಲ ಹಿಡಿದರೆ ಕಳಚಿಟ್ಟು ಓಡುತ್ತದೆ. ಬಾಲ ಮತ್ತೆ ಬೆಳೆಯುತ್ತದೆ ನಿಜ, ಆದರೆ ಅದರಲ್ಲಿ ಕೂಡಿಟ್ಟ ಕೊಬ್ಬು ಹೋಯಿತಲ್ಲ!

ಸಾಕುವ ಆಸೆಯೇ? ಸಾಕುಪ್ರಾಣಿಯಾಗಿ ಹೆಸರಾದದ್ದು ಆಸ್ಟ್ರೇಲಿಯಾದ ನೀಲಿ ನಾಲಿಗೆಯ ಹಾವುರಾಣಿ. ಅದೂ ಹಗಲಿನ ಜೀವಿಯೇ. ಗೂಡಿನ ಒಂದು ಬದಿ ಸುಮಾರು 35 ಡಿಗ್ರಿ ಬಿಸಿ, ಇನ್ನೊಂದು ಬದಿ ತಂಪು, ಹೂತುಕೊಳ್ಳಲು ಮೆತ್ತನೆಯ ನೆಲ, ರಾತ್ರಿ ಪೂರ್ತಿ ಕತ್ತಲೆ ಬೇಕು. ನಮ್ಮ ಹಿತ್ತಲಿನದನ್ನು ಮಾತ್ರ ಹಿಡಿದು ಪೆಟ್ಟಿಗೆಗೆ ಹಾಕಬೇಡಿ. ಅದಕ್ಕೆ ಬೇಕಾದದ್ದೆಲ್ಲ ಅಲ್ಲೇ ಇದೆ.

ಭಟ್ಕಳ, ಹೊನ್ನಾವರದ ತೋಟದವರಲ್ಲಿ ಒಂದೇ ಕೋರಿಕೆ: ಸಂಜೆ ಗುಡಿಸಿದ ದರಕಿಗೆ ಬೆಂಕಿ ಹಾಕಬೇಡಿ. ಒಳಗೆ ಹಾವುರಾಣಿ ಮಲಗಿರುತ್ತದೆ. ದರಕನ್ನು ಬಾಳೆಯ ಬುಡಕ್ಕೆ ಹರಡಿಬಿಡಿ.